ಆ ದುಡ್ಡಲ್ಲಿ ಏನ್ ಮಾಡ್ದೆ?

ಬೆಳಗ್ಗೆ ಎಂಟೂವರೆ. 2025ರ ಜೂನ್ ತಿಂಗಳ ಕೊನೆ, ಶಿರಾ ತಾಲ್ಲೂಕಿನ ಒಂದು ಊರು. ರಾತ್ರಿ ನಾಲ್ಕು ಹನಿ ಬಿದ್ದಿದೆ. ದೂಳು ಅಡಗಿದೆ, ನೆಲ ನೆನೆದಿಲ್ಲ. ಅರಳಿಕಟ್ಟೆಯ ಎದುರಿನ ಒಂದಂಕಣದ ಅಂಗಡಿ ಮುಂದೆ ಆಗಲೇ ಹತ್ತು ಹೆಂಗಸರು ಸಾಲುಗಟ್ಟಿದ್ದಾರೆ. ಜೆರಾಕ್ಸ್, ರೀಚಾರ್ಜ್, ಪಹಣಿ, ಹಣ ಪಡೆಯಲು ಎಂದೆಲ್ಲ ಬರೆದ ಬೋರ್ಡು ಬಿಸಿಲಿಗೆ ಬಣ್ಣಗೆಟ್ಟಿದೆ. ಸೋದರತ್ತೆಯ ತೋಳು ಹಿಡಿದು ನೀವು ಹೋಗಿ ಹನ್ನೊಂದನೆಯವರಾಗಿ ನಿಲ್ಲುತ್ತೀರಿ.

ನೀವು ಬೆಂಗಳೂರಿನಿಂದ ಬಂದದ್ದು ನಿನ್ನೆ ಸಂಜೆ. ಅತ್ತೆಗೆ ಮಂಡಿನೋವು. "ಒಬ್ಳೇ ಹೋಗಕ್ಕಾಗಲ್ಲ ಕಣಪ್ಪ, ನೀನಿದ್ದಾಗ್ಲೇ ಹೋಗ್ಬಂದ್ಬಿಡಾನ" ಎಂದು ಬೆಳಗ್ಗೆಯೇ ಹೊರಡಿಸಿದ್ದಾರೆ. ಅವರ ಕೈಯಲ್ಲೊಂದು ಪ್ಲಾಸ್ಟಿಕ್ ಕವರು. ಒಳಗೆ ಪಾಸ್‌ಬುಕ್ಕು, ಆಧಾರ್ ಕಾರ್ಡು, ಮಡಿಕೆಯಲ್ಲಿ ಹರಿದು ಟೇಪು ಹಚ್ಚಿದ ರೇಷನ್ ಕಾರ್ಡು. ಮನೆಯ ಯಜಮಾನಿಗೆ ರಾಜ್ಯ ಸರ್ಕಾರ ತಿಂಗಳಿಗೆ ಎರಡು ಸಾವಿರ ಕೊಡುವ ಗೃಹಲಕ್ಷ್ಮಿಯ ದುಡ್ಡು ಬಂದಿದೆಯೆಂಬ ಸುದ್ದಿ ರಾತ್ರಿಯೇ ಊರು ತುಂಬಿದೆ. ಕೆಲವು ಕಂತು ತಡವಾಗಿದ್ದವು. ಈಗ ಒಂದು ಬಂತೋ ಎರಡು ಬಂತೋ ಯಾರಿಗೂ ಗೊತ್ತಿಲ್ಲ.

ಒಳಗೆ ಕುಳಿತ ಬ್ಯಾಂಕ್ ಮಿತ್ರ ಇಪ್ಪತ್ತೈದರ ಹುಡುಗ. ಅವನ ಮುಂದೆ ಲ್ಯಾಪ್‌ಟಾಪು, ಪಕ್ಕದಲ್ಲಿ ಬೆಂಕಿಪೊಟ್ಟಣಕ್ಕಿಂತ ತುಸು ದೊಡ್ಡದಾದ ಬೆರಳಚ್ಚಿನ ಯಂತ್ರ. ಅದರ ಗಾಜಿನಡಿಯಲ್ಲಿ ಕೆಂಪು ದೀಪ. ಸಾಲಿನ ಮೊದಲಿನ ಮುದುಕಿ ಹೆಬ್ಬೆರಳು ಇಡುತ್ತಾರೆ. ದೀಪ ಮಿನುಗಿ ಆರುತ್ತದೆ.

"ತಗೊಳ್ತಿಲ್ಲಜ್ಜಿ. ಒರೆಸ್ಕೊಂಡು ಇಡಿ."

ಮುದುಕಿ ಸೆರಗಿಗೆ ಒರೆಸಿಕೊಂಡು ಮತ್ತೆ ಇಡುತ್ತಾರೆ. ಆಗುವುದಿಲ್ಲ. ತಲೆಗೂದಲಿಗೆ ಉಜ್ಜಿ, ಎಣ್ಣೆಯ ಜಿಡ್ಡು ಹತ್ತಿಸಿಕೊಂಡು ಇಡುತ್ತಾರೆ. ಆಗಲೂ ಇಲ್ಲ.

"ಬೆರಳಲ್ಲಿ ಗೆರೆ ಇದ್ರೆ ತಾನೆ ತಗೊಳ್ಳೋದು? ಹುಣಸೆಹಣ್ಣು ಬಡ್ದು ಬಡ್ದು, ಬೀಜ ತೆಗ್ದು ತೆಗ್ದು ಎಲ್ಲಾ ಸವ್ದೋಗವೆ" ಎನ್ನುತ್ತಾರೆ ನಿಮ್ಮತ್ತೆ, ಸಾಲಿನ ಹಿಂದಿನಿಂದ. ನೀವು ಅವರ ಕೈ ನೋಡುತ್ತೀರಿ. ಹೆಬ್ಬೆರಳ ತುದಿ ನದಿಯ ಕಲ್ಲಿನ ಹಾಗೆ ನುಣ್ಣಗಿದೆ. ದುಡಿದ ಕೈ ಎನ್ನುವುದಕ್ಕೆ ಇದಕ್ಕಿಂತ ಪುರಾವೆ ಬೇಡ. ಯಂತ್ರಕ್ಕೆ ಮಾತ್ರ ಅದೇ ಕೈ ಗುರುತು ಸಿಗುತ್ತಿಲ್ಲ.

ಕೊನೆಗೆ ಎಡಗೈ ಉಂಗುರ ಬೆರಳು ಹೊಂದುತ್ತದೆ. ಹುಡುಗ ಎರಡು ಸಾವಿರ ಎಣಿಸಿ ಕೊಡುತ್ತಾನೆ. ಅಂದರೆ ಬಂದದ್ದು ಒಂದೇ ಕಂತು. ಸಾಲಿನಲ್ಲಿ ಒಂದು ನಿಟ್ಟುಸಿರು ಹಾದುಹೋಗುತ್ತದೆ.

ಅರಳಿಕಟ್ಟೆಯ ಮೇಲೆ ಪಂಚೆ ಮೇಲೆತ್ತಿ ಕುಳಿತಿರುವ ಗೌಡರು ಇದನ್ನೇ ಕಾಯುತ್ತಿದ್ದಂತೆ ಬಾಯಿ ತೆಗೆಯುತ್ತಾರೆ. ಅವರಿಗೆ ಎಂಟೆಕರೆ ಇದೆ, ಎರಡು ಬೋರ್‌ವೆಲ್ ಇವೆ, ಕಡ್ಲೆಕಾಯಿ ಬಿತ್ತನೆಗೆ ಆಳು ಸಿಗುತ್ತಿಲ್ಲ.

"ಬಿಟ್ಟಿ ದುಡ್ಡು ಕೊಟ್ಟು ಕೊಟ್ಟು ಊರ್ ಹಾಳ್ ಮಾಡಿದ್ರು ಕಣಯ್ಯ. ಬಸ್ ಫ್ರೀ, ಕರೆಂಟ್ ಫ್ರೀ, ಅಕ್ಕಿ ಫ್ರೀ, ಕುಂತಲ್ಲಿಗೆ ಎರಡ್ ಸಾವ್ರ. ಇನ್ ಕೂಲಿಗ್ ಯಾರ್ ಬತ್ತಾರೆ?" ಮಾತು ನಿಮ್ಮ ಕಡೆಗೆ. ಪ್ಯಾಂಟು ಹಾಕಿದವನು ಒಪ್ಪುತ್ತಾನೆ ಎಂಬ ನಂಬಿಕೆ ಅವರದು.

ಉತ್ತರ ಸಾಲಿನ ನಡುವಿನಿಂದ ಬರುತ್ತದೆ. ನಲವತ್ತರ ಹೆಂಗಸು, ಸೊಂಟಕ್ಕೆ ಸೆರಗು ಸಿಕ್ಕಿಸಿದ್ದಾಳೆ. ಇಲ್ಲಿಂದ ನೇರ ಹೊಲಕ್ಕೆ ಹೋಗುವವಳು.

"ಗೌಡ್ರೇ, ನಿಮ್ಮೆರಡ್ ಬೋರಿನ್ ಕರೆಂಟ್ ಬಿಲ್ ಎಷ್ಟ್ ಕಟ್ತೀರ?"

ಸಾಲು ಕಿಸಕ್ಕನೆ ನಗುತ್ತದೆ. ರಾಜ್ಯದಲ್ಲಿ 10 ಎಚ್‌ಪಿವರೆಗಿನ ಪಂಪ್‌ಸೆಟ್ಟುಗಳಿಗೆ ಕರೆಂಟು ಉಚಿತ ಎಂಬುದು ಇಲ್ಲಿ ಎಲ್ಲರಿಗೂ ಗೊತ್ತು.

"ಅದು ವ್ಯವಸಾಯಕ್ಕಮ್ಮ! ಬೆಳೆ ಬೆಳ್ದು ದೇಶಕ್ಕೆ ಅನ್ನ ಹಾಕ್ತೀವಿ."

"ನಾವೇನ್ ಮನೇಲಿ ಮಣ್ ಬೇಯಿಸ್ತೀವಾ ಅಣ್ಣ? ದಿನಾ ಕೂಲಿಗ್ ಬರ್ತೀನಿ. ಮುನ್ನೂರೈವತ್ತಕ್ಕೆ ಬಾ ಅಂತೀರ, ನಾನೂರೈವತ್ತು ಕೊಡಿ ಅಂತೀನಿ. ಮೊದ್ಲಾದ್ರೆ ಕೊಟ್ಟಿದ್ದಕ್ಕೆ ಬರ್ತಿದ್ದೆ. ಈಗ ಎರಡ್ ದಿನ ಕಾಯಕ್ಕಾಗ್ತೈತೆ. ಅಷ್ಟೇ ವ್ಯತ್ಯಾಸ."

ಗೌಡರು ಬೀಡಿ ಹಚ್ಚುತ್ತಾರೆ. ಸೋತೆ ಎಂದಲ್ಲ, ಇನ್ನೊಂದು ಸುತ್ತಿಗೆ ತಯಾರಿ. ಅಷ್ಟರಲ್ಲಿ ಒಳಗಿನಿಂದ ಹುಡುಗನ ದನಿ: "ಸರ್ವರ್ ಹೋಯ್ತು. ಸ್ವಲ್ಪ ಹೊತ್ತು ಕೂತ್ಕೊಳ್ಳಿ ಎಲ್ಲಾ."

ಹೆಂಗಸರು ಕಟ್ಟೆಯ ನೆರಳಿಗೆ ಸರಿಯುತ್ತಾರೆ. ಸರ್ವರ್ ಬರುವ ಹೊತ್ತಿಗೆ ದಿಲ್ಲಿಗೆ ಹೋಗಿ ಬಂದುಬಿಡಬಹುದು. ಬನ್ನಿ.

*

2017ರ ಜನವರಿ 31. ದಿಲ್ಲಿಯಲ್ಲಿ ಚಳಿ. ನೋಟು ರದ್ದಾಗಿ ಮೂರು ತಿಂಗಳೂ ತುಂಬಿಲ್ಲ. ಬಜೆಟ್ಟಿನ ಹಿಂದಿನ ದಿನ ಹಣಕಾಸು ಸಚಿವ ಅರುಣ್ ಜೇಟ್ಲಿ ಸಂಸತ್ತಿನಲ್ಲಿ ಆರ್ಥಿಕ ಸಮೀಕ್ಷೆ ಮಂಡಿಸುತ್ತಾರೆ. ಬರೆಸಿದವರು ಆಗಿನ ಮುಖ್ಯ ಆರ್ಥಿಕ ಸಲಹೆಗಾರ ಅರವಿಂದ್ ಸುಬ್ರಮಣಿಯನ್. ಅದರ ಒಂಬತ್ತನೆಯ ಅಧ್ಯಾಯ ತೆರೆದರೆ ಸರ್ಕಾರಿ ಕಡತದಲ್ಲಿ ಕಾಣದಂಥ ವಿಷಯ: ಸಾರ್ವತ್ರಿಕ ಮೂಲ ಆದಾಯ. ದೇಶದ ಪ್ರತಿಯೊಬ್ಬರಿಗೂ, ಕೆಲಸ ಇರಲಿ ಬಿಡಲಿ, ಯಾವ ಷರತ್ತೂ ಇಲ್ಲದೆ, ಸರ್ಕಾರ ಇಷ್ಟು ಹಣವನ್ನು ನೇರ ಖಾತೆಗೆ ಹಾಕಿದರೆ ಹೇಗೆ?

ಆ ಅಧ್ಯಾಯ ಇಡೀ ವಿಷಯವನ್ನು ಗಾಂಧೀಜಿಯ ಜೊತೆಗಿನ ಮಾತುಕತೆಯಾಗಿ ಕಟ್ಟಿದೆ. ಒಂದು ಕಡೆ ಪ್ರತಿ ಕಣ್ಣಿನ ಕಣ್ಣೀರನ್ನೂ ಒರೆಸಬೇಕೆಂಬ ಗಾಂಧಿ. ಇನ್ನೊಂದು ಕಡೆ ಮೈಯಲ್ಲಿ ಶಕ್ತಿ ಇದ್ದೂ ದುಡಿಯದವನಿಗೆ ಪುಕ್ಕಟೆ ಊಟ ಹಾಕಬಾರದೆಂಬ ಗಾಂಧಿ. ಅರಳಿಕಟ್ಟೆಯ ಗೌಡರು, ಸಾಲಿನಲ್ಲಿದ್ದ ಆ ಹೆಂಗಸು, ಇಬ್ಬರ ಮಾತೂ ಒಬ್ಬರೇ ಮಹಾತ್ಮರ ಒಳಗಿವೆ.

ಸಮೀಕ್ಷೆಯ ಲೆಕ್ಕ ನೋಡಿ. ವರ್ಷಕ್ಕೆ ತಲೆಗೆ 7,620 ರೂಪಾಯಿ, ಅಂದರೆ ತಿಂಗಳಿಗೆ 635. ಎಲ್ಲರಿಗೂ ಅಲ್ಲ, ನೂರಕ್ಕೆ 75 ಜನಕ್ಕೆ. ಖರ್ಚು ದೇಶದ ಒಟ್ಟು ಉತ್ಪನ್ನದ ಶೇ 4.9ರಷ್ಟು. ಹೀಗೆ ಕೊಟ್ಟರೆ ಬಡತನ ಶೇ 0.5ಕ್ಕೆ ಇಳಿಯುತ್ತದೆ ಎಂಬುದು ಅಂದಾಜು. ಕೇಂದ್ರ ಸರ್ಕಾರವೊಂದೇ ಆಗ ಸುಮಾರು 950 ಯೋಜನೆಗಳನ್ನು ನಡೆಸುತ್ತಿತ್ತು. ಅವುಗಳ ಹಣ ಸೋರುತ್ತ ಸೋರುತ್ತ ತಲುಪಬೇಕಾದಲ್ಲಿಗೆ ತಲುಪುತ್ತಿಲ್ಲ; ಜನಧನ್ ಖಾತೆ, ಆಧಾರ್, ಮೊಬೈಲು ಮೂರೂ ಇರುವಾಗ ನೇರ ಕೈಗೇ ಕೊಡಬಾರದೇಕೆ ಎಂಬುದು ವಾದ. ತಕ್ಷಣ ಜಾರಿ ಮಾಡಿ ಎಂದು ಸಮೀಕ್ಷೆ ಹೇಳಲಿಲ್ಲ. ಕುಳಿತು ಚರ್ಚೆ ಮಾಡುವ ಕಾಲ ಬಂದಿದೆ ಎಂದಿತು.

ಜೇಟ್ಲಿಯವರಿಗೆ ಆಲೋಚನೆ ಹಿಡಿಸಿತ್ತು, ರಾಜಕಾರಣ ಗೊತ್ತಿತ್ತು. ಇದನ್ನು ತಂದರೆ ಸಂಸತ್ತಿನಲ್ಲಿ ಜನಪ್ರತಿನಿಧಿಗಳು ಎದ್ದುನಿಂತು ಈಗಿರುವ ಸಬ್ಸಿಡಿಗಳೂ ಇರಲಿ, ಅದರ ಮೇಲೆ ಇದೂ ಬರಲಿ ಎನ್ನುತ್ತಾರೆ ಎಂದು ಆಗಲೇ ಹೇಳಿದರು. ಕಡತ ಕಪಾಟು ಸೇರಿತು.

ಆದರೆ ದುಡ್ಡು ಹೊರಗೆ ಬರುತ್ತಲೇ ಇತ್ತು, ಬೇರೆ ಬೇರೆ ಹೆಸರಿನಲ್ಲಿ. 2019ರ ಫೆಬ್ರುವರಿಯಲ್ಲಿ ಪಿಎಂ ಕಿಸಾನ್: ಜಮೀನಿರುವ ರೈತ ಕುಟುಂಬಕ್ಕೆ ವರ್ಷಕ್ಕೆ 6,000. ಮರುತಿಂಗಳೇ ರಾಹುಲ್ ಗಾಂಧಿ 'ನ್ಯಾಯ್' ಘೋಷಿಸಿದರು: ಅತಿ ಬಡ ಐದು ಕೋಟಿ ಕುಟುಂಬಗಳಿಗೆ ವರ್ಷಕ್ಕೆ 72,000. ಚುನಾವಣೆ ಸೋತರು. ಎರಡು ವರ್ಷದ ಮೇಲೆ ಬಂಗಾಳದಲ್ಲಿ ಲಕ್ಷ್ಮೀರ್ ಭಂಡಾರ್. ಆಮೇಲೆ ಮಧ್ಯಪ್ರದೇಶದಲ್ಲಿ ಲಾಡ್ಲಿ ಬೆಹನಾ, ತಮಿಳುನಾಡು, ಮಹಾರಾಷ್ಟ್ರ... 2022ರ ಜುಲೈನಲ್ಲಿ ಪ್ರಧಾನಿ ನರೇಂದ್ರ ಮೋದಿ ಬುಂದೇಲ್‌ಖಂಡ ಎಕ್ಸ್‌ಪ್ರೆಸ್‌ವೇ ಉದ್ಘಾಟನೆಯಲ್ಲಿ ಬಿಟ್ಟಿ ಹಂಚುವ 'ರೇವಡಿ ಸಂಸ್ಕೃತಿ' ದೇಶಕ್ಕೆ ಅಪಾಯ ಎಂದರು. ಆಮೇಲೆ ಅವರ ಪಕ್ಷದ ಸರ್ಕಾರಗಳೂ ಹಂಚಿದವು. ಮೈಸೂರಿನಲ್ಲಿ 2023ರ ಆಗಸ್ಟ್ 30ರಂದು ಗೃಹಲಕ್ಷ್ಮಿಗೆ ಚಾಲನೆ ಸಿಕ್ಕಿತು. ಸಾರ್ವತ್ರಿಕ ಆದಾಯ ಬೇಕೋ ಬೇಡವೋ ಎಂದು ದೊಡ್ಡವರು ತಲೆ ಕೆಡಿಸಿಕೊಂಡಿರುವಾಗಲೇ ಅದರ ತುಂಡುಗಳು ಊರೂರಿಗೆ ತಲುಪಿದ್ದವು.

*

ಸರ್ವರ್ ಇನ್ನೂ ಬಂದಿಲ್ಲ. ಗೌಡರು ಎರಡನೆಯ ಸುತ್ತು ಶುರು ಮಾಡಿದ್ದಾರೆ: "ದುಡ್ ಕೊಟ್ರೆ ಗಂಡಂದ್ರು ಕುಡೀತಾರೆ. ಇನ್ನೇನಾಗ್ತೈತೆ?"

ಈ ಪ್ರಶ್ನೆಗೆ ಉತ್ತರ ಹುಡುಕಿ ಕೆಲವರು ಊರಿಗೇ ಹೋಗಿ ಕೂತಿದ್ದರು. ದಿಲ್ಲಿಯ ಆ ದಿನಕ್ಕಿಂತ ಇನ್ನೂ ಆರು ವರ್ಷ ಹಿಂದಕ್ಕೆ ನಡೆಯಿರಿ. 2011ರ ಜೂನ್, ಮಧ್ಯಪ್ರದೇಶದ ಇಂದೋರ್ ಸೀಮೆ. ಸೋಯಾಬೀನ್ ಬಿತ್ತನೆಯ ಕಾಲ. ಮಹಿಳಾ ಸಂಘಟನೆ ಸೇವಾ, ಯುನಿಸೆಫ್ ನೆರವು ಪಡೆದು ಎಂಟು ಹಳ್ಳಿಗಳನ್ನು ಆರಿಸಿಕೊಂಡಿದೆ. ಅಲ್ಲಿನ ಪ್ರತಿಯೊಬ್ಬ ವಯಸ್ಕರಿಗೂ ತಿಂಗಳಿಗೆ 200 ರೂಪಾಯಿ, ಮಗುವಿಗೆ 100. ಮಕ್ಕಳ ದುಡ್ಡು ತಾಯಿಯ ಕೈಗೆ. ಒಂದು ವರ್ಷದ ಮೇಲೆ ಅದು 300 ಮತ್ತು 150 ಆಯಿತು. ಹೋಲಿಸಿ ನೋಡಲು ದುಡ್ಡು ಸಿಗದ 12 ಹಳ್ಳಿಗಳು. ಜೊತೆಗೆ ಆದಿವಾಸಿಗಳ ಊರು ಘೋಡಾಖುರ್ದ್‌ನಲ್ಲಿ ಇಂಥದೇ ಇನ್ನೊಂದು ಪ್ರಯೋಗ. ಒಟ್ಟು 6,000ಕ್ಕೂ ಹೆಚ್ಚು ಮಂದಿ. ಬಡವರೋ ಅಲ್ಲವೋ ಎಂದು ಯಾರೂ ಕೇಳಲಿಲ್ಲ, ಯಾವುದಕ್ಕೆ ಖರ್ಚು ಮಾಡಬೇಕೆಂದು ಯಾರೂ ಹೇಳಲಿಲ್ಲ.

ಏನಾಯಿತು ಎಂಬುದನ್ನು ಶರತ್ ದಾವಲಾ, ರೇನಾನಾ ಝಾಬ್‌ವಾಲಾ, ಸೌಮ್ಯಾ ಕಪೂರ್ ಮೆಹ್ತಾ, ಗೈ ಸ್ಟ್ಯಾಂಡಿಂಗ್ ಸೇರಿ ಬರೆದ ಪುಸ್ತಕ 2015ರಲ್ಲಿ ಹೊರಬಂತು. ತಟ್ಟೆಗೆ ಬೇಳೆ, ತರಕಾರಿ ಹೆಚ್ಚಾಗಿ ಬಂತು. ವಯಸ್ಸಿಗೆ ತಕ್ಕ ತೂಕವಿಲ್ಲದ ಮಕ್ಕಳು ಮೈದುಂಬಿಕೊಂಡವು, ಅದರಲ್ಲೂ ಹೆಣ್ಣುಮಕ್ಕಳು. ಶಾಲೆಗೆ ಹೋಗುವುದು ಹೆಚ್ಚಿತು. ಬಡ್ಡಿ ಸಾಲದ ಹೊರೆ ಇಳಿಯಿತು. ಕುಡಿತ ಏರಲಿಲ್ಲ. ಜನ ಕೆಲಸ ಬಿಟ್ಟರೇ? ಇಲ್ಲ, ಕೆಲಸ ಬದಲಿಸಿದರು. ಬೇರೆಯವರ ಹೊಲದ ಕೂಲಿ ಕಡಿಮೆ ಮಾಡಿ ತಮ್ಮ ತುಂಡು ಹೊಲಕ್ಕೆ ಬೀಜ ಗೊಬ್ಬರ ತಂದರು; ಕೆಲವರು ಹೊಲಿಗೆ ಯಂತ್ರ ಕೊಂಡರು, ಕೆಲವರು ಆಡು ಕುರಿ ಕಟ್ಟಿದರು.

ಗೌಡರ ದೂರಿಗೂ ಇಲ್ಲೊಂದು ಅರ್ಥ ಸಿಗುತ್ತದೆ. ಆಳು ಸಿಗುತ್ತಿಲ್ಲ ಎಂದು ಅವರು ಹೇಳುವುದು ಪೂರ್ತಿ ಸುಳ್ಳಲ್ಲ. ಅವರು ಹೇಳಿದ ರೇಟಿಗೆ, ಅವರು ಹೇಳಿದ ದಿನಕ್ಕೆ ಸಿಗುತ್ತಿಲ್ಲ. ಎರಡು ದಿನ ಕಾಯುವ ತ್ರಾಣ ಬಂದವಳು ಸೋಮಾರಿಯಾಗಿಲ್ಲ, ಚೌಕಾಶಿ ಕಲಿತಿದ್ದಾಳೆ.

ಹಾಗೆಂದು ಒಂದೂವರೆ ವರ್ಷದ, ಎಂಟು ಹಳ್ಳಿಯ ಪ್ರಯೋಗ ನೋಡಿ 140 ಕೋಟಿ ಜನರ ದೇಶಕ್ಕೆ ತೀರ್ಪು ಕೊಡಲಾಗದು. ಒಂದಷ್ಟು ಕಾಲ ಬಂದು ನಿಲ್ಲುವ ದುಡ್ಡಿಗೂ, ಸಾಯುವ ತನಕ ಬರುತ್ತದೆಂದು ಗೊತ್ತಿರುವ ದುಡ್ಡಿಗೂ ಮನುಷ್ಯ ನಡೆದುಕೊಳ್ಳುವ ರೀತಿ ಬೇರೆಯಿರಬಹುದು. ಆದರೆ 'ಬಡವರ ಕೈಗೆ ದುಡ್ಡು ಕೊಟ್ಟರೆ ಕುಡಿದು ಹಾಳಾಗುತ್ತಾರೆ' ಎನ್ನುವವರು ಇಷ್ಟೂ ಸಾಕ್ಷಿ ಒದಗಿಸಿಲ್ಲ.

*

"ಬಂತು ಬಂತು!" ಸಾಲು ಮತ್ತೆ ಎದ್ದು ನಿಲ್ಲುತ್ತದೆ. ಈಗ ಹರಟೆ ಅಕ್ಕಿಯ ಕಡೆ ತಿರುಗಿದೆ.

ಈ ಊರಿನ ಹೆಂಗಸರು ಅರ್ಥಶಾಸ್ತ್ರಜ್ಞರಿಗಿಂತ ಒಂದು ಹೆಜ್ಜೆ ಮುಂದಿದ್ದಾರೆ. 'ಧಾನ್ಯವೋ ನಗದೋ' ಎಂಬ ದೊಡ್ಡ ವಾದವನ್ನು ಅವರು ಒಂದೂವರೆ ವರ್ಷ ಬದುಕಿ ನೋಡಿದ್ದಾರೆ. ಅನ್ನಭಾಗ್ಯಕ್ಕೆ ಹೆಚ್ಚುವರಿ ಅಕ್ಕಿ ಹೊಂದಿಸಲಾಗದೆ ರಾಜ್ಯ ಸರ್ಕಾರ 2023ರ ಜುಲೈನಿಂದ ಕಿಲೋಗೆ 34 ರೂಪಾಯಿಯಂತೆ ಐದು ಕಿಲೋದ ಬದಲು ತಲೆಗೆ 170 ರೂಪಾಯಿ ಖಾತೆಗೆ ಹಾಕಿತು. 2025ರ ಫೆಬ್ರುವರಿಯಿಂದ ಮತ್ತೆ ಅಕ್ಕಿ.

"ದುಡ್ಡೇ ವಾಸಿಯಿತ್ತು" ಎನ್ನುತ್ತಾಳೆ ಒಬ್ಬ ಸೊಸೆ. "ಹತ್ ಕೆಜಿ ಅಕ್ಕಿ ತಗೊಂಡ್ ಏನ್ ಮಾಡಾನ? ನಮ್ ಮನೇಲಿ ಮುದ್ದೆ. ಮಿಕ್ಕಿದ್ದು ಇಪ್ಪತ್ ರೂಪಾಯ್ಗೆ ಮಾರದೇ."

"ನಿಂಗೇನಮ್ಮ, ನಿನ್ ಗಂಡ ಒಳ್ಳೇನು" ಎಂದು ಪಕ್ಕದವಳು ಮೂತಿ ತಿರುವುತ್ತಾಳೆ. "ನಮ್ಮೋನ್ಗೆ ಮೆಸೇಜ್ ಬಂದಿದ್ ಗೊತ್ತಾದ್ರೆ ಸಾಕು. ಅಕ್ಕಿ ಮೂಟೆ ಆದ್ರೆ ಹೊತ್ಕೊಂಡೋಗಿ ಮಾರ್ಬೇಕು, ನಾಚ್ಕೆ ಆಯ್ತೈತೆ. ದುಡ್ಡು ಜೇಬಲ್ಲಿ ಹೋಗ್ಬಿಡ್ತೈತೆ."

ನೀವು ಇಬ್ಬರ ಮುಖವನ್ನೂ ನೋಡುತ್ತೀರಿ. ಇಬ್ಬರೂ ನಿಜವನ್ನೇ ಹೇಳುತ್ತಿದ್ದಾರೆ. ಅರ್ಥಶಾಸ್ತ್ರಜ್ಞ ಜಾನ್ ಡ್ರೆಜ್ ವರ್ಷಗಳಿಂದ ಹೇಳುತ್ತ ಬಂದಿರುವುದು ಎರಡನೆಯವಳ ಮಾತಿಗೆ ಹತ್ತಿರ. ಎಲ್ಲರಿಗೂ ನಗದು ಎಂಬ ಹೊಳೆಯುವ ಮಾತಿನ ಹಿಂದೆ ರೇಷನ್ನು, ಉದ್ಯೋಗ ಖಾತ್ರಿ, ಪಿಂಚಣಿಯಂಥ ಈಗಾಗಲೇ ಇರುವ ಹಕ್ಕುಗಳು ಕೊಚ್ಚಿಹೋದಾವು ಎಂಬ ಆತಂಕ ಅವರದು. ಮೊದಲು ವೃದ್ಧಾಪ್ಯ ಪಿಂಚಣಿಯನ್ನು ನೆಟ್ಟಗೆ ಕೊಡಿ ಎನ್ನುವ ಅವರ ಮಾತನ್ನು ತಳ್ಳಿಹಾಕುವುದು ಕಷ್ಟ. 80 ತುಂಬದ ಬಡ ವೃದ್ಧರ ಪಿಂಚಣಿಗೆ ಕೇಂದ್ರ ಸರ್ಕಾರ ಕೊಡುವ ಪಾಲು 2007ರಿಂದ ತಿಂಗಳಿಗೆ 200 ರೂಪಾಯಿ. ಕೂಲಿ ಏರಿತು, ಗ್ಯಾಸು ಏರಿತು, ಆ 200 ಕದಲಲಿಲ್ಲ. ಮುದುಕರ 200 ಹೆಚ್ಚಿಸಲು ಹದಿನೆಂಟು ವರ್ಷ ಮನಸ್ಸು ಮಾಡದ ದೇಶ ಎಲ್ಲರಿಗೂ ಆದಾಯ ಕೊಟ್ಟೀತೆ?

ಇನ್ನೊಂದು ಮಾತು. ಜ್ವರ ಬಂದ ಮಗುವನ್ನು ಎತ್ತಿಕೊಂಡು ಹೋದರೆ ಡಾಕ್ಟರು ಇರಬೇಕು. ಎರಡು ಸಾವಿರ ಕೈಯಲ್ಲಿದ್ದರೆ ಶಿರಾದ ಖಾಸಗಿ ಕ್ಲಿನಿಕ್ಕಿಗೆ ಹೋಗಬಹುದು. ಊರಿನಲ್ಲಿ ಆಸ್ಪತ್ರೆ ಕಟ್ಟಲಾಗದು. ನಗದು ಕೊಟ್ಟೆವಲ್ಲ, ಇನ್ನು ನಿಮ್ಮ ಪಾಡು ನಿಮ್ಮದು ಎಂದು ಸರ್ಕಾರ ಕೈ ತೊಳೆದುಕೊಂಡರೆ ಬಡವರು ಸಂತೆಯಲ್ಲಿ ಒಂಟಿಯಾಗುತ್ತಾರೆ.

*

ಸಾಲಿನ ಪಕ್ಕ, ಸಾಲಿಗೆ ಸೇರದೆ ನಿಂತಿರುವ ಒಬ್ಬಳನ್ನು ನೀವು ಆಗಿನಿಂದ ಗಮನಿಸುತ್ತಿದ್ದೀರಿ. ಸೊಂಟದಲ್ಲಿ ಮಗು. ಹುಡುಗ ಬಿಡುವಾದಾಗ ಒಂದು ಮಾತು ಕೇಳಲು ಕಾಯುತ್ತಿದ್ದಾಳೆ. ಅವಳ ಗಂಡ ಸಣ್ಣದೊಂದು ಹಾರ್ಡ್‌ವೇರ್ ಅಂಗಡಿಯಿಟ್ಟು ಜಿಎಸ್‌ಟಿ ಮಾಡಿಸಿದ್ದ. ಎರಡು ವರ್ಷಕ್ಕೆ ಅಂಗಡಿ ಮುಚ್ಚಿತು. ಅವನೀಗ ಬೇರೆಯವರ ಟ್ರ್ಯಾಕ್ಟರ್ ಓಡಿಸುತ್ತಾನೆ. ಕಂಪ್ಯೂಟರಿನಲ್ಲಿ ಅಂಗಡಿ ಇನ್ನೂ ತೆರೆದೇ ಇದೆ. ಜಿಎಸ್‌ಟಿ ಕಟ್ಟುವವರ ಮನೆಗೆ ಗೃಹಲಕ್ಷ್ಮಿ ಇಲ್ಲ.

"ಆಫೀಸ್ಗೆ ಹೋದ್ರೆ ತುಮಕೂರ್ಗೆ ಹೋಗು ಅಂತಾರೆ. ಅಲ್ಲೋದ್ರೆ ಆನ್‌ಲೈನಲ್ಲಿ ಮಾಡ್ಸು ಅಂತಾರೆ ಅಣ್ಣ."

"ನಂಗೂ ಆ ಕಿಸಾನ್ ದುಡ್ ಬರಲ್ಲ ಕಣಮ್ಮ" ಎಂದು ಸಮಾಧಾನ ಹೇಳುವವರು ನಿಮ್ಮತ್ತೆ. ಮಾವ ಹೋಗಿ ಏಳು ವರ್ಷವಾದರೂ ಪೌತಿ ಖಾತೆ ಆಗಿಲ್ಲ. ಪಹಣಿಯಲ್ಲಿ ಇನ್ನೂ ಸತ್ತವರ ಹೆಸರು. ಹೊಲ ಉಳುವವರಿಗೆ ಹೊಲವಿಲ್ಲ ಎಂದು ಕಾಗದ ಹೇಳುತ್ತದೆ.

'ಎಲ್ಲರಿಗೂ' ಎಂಬ ಪದದ ಬೆಲೆ ಗೊತ್ತಾಗುವುದು ಇಲ್ಲಿ. ಅಂಬಾನಿಗೂ ಯಾಕೆ ಕೊಡಬೇಕು ಎಂಬುದು ಸಾರ್ವತ್ರಿಕ ಆದಾಯದ ವಿರುದ್ಧ ಕೇಳಿಬರುವ ಮೊದಲ ಮಾತು. ಕೇಳಲು ನ್ಯಾಯವಾಗಿಯೇ ಇದೆ. ಆದರೆ ಅಂಬಾನಿಯನ್ನು ಸೋಸಲು ಹಾಕಿದ ಜರಡಿಯಲ್ಲಿ ಹೊರಗೆ ಬಿದ್ದಿರುವುದು ಮಗು ಎತ್ತಿಕೊಂಡು ನಿಂತ ಈಕೆ. ಉಳ್ಳವರಿಗೆ ಕೊಟ್ಟದ್ದನ್ನು ತೆರಿಗೆಯಲ್ಲಿ ವಾಪಸು ಪಡೆಯಬಹುದು. ಇಲ್ಲದವರಿಗೆ ತಪ್ಪಿದ್ದನ್ನು ಯಾವ ಅರ್ಜಿಯೂ ಅಷ್ಟು ಸುಲಭವಾಗಿ ಕೊಡಿಸುವುದಿಲ್ಲ.

2023ರ ಬೇಸಿಗೆ ಕಳೆಯುವಾಗ ರಾಜ್ಯದ ಮನೆಮನೆಯಲ್ಲೂ ನಡೆದ ಜಗಳ ನೆನಪಿದೆಯಲ್ಲ? ಎರಡು ಸಾವಿರ ಅತ್ತೆಗೋ ಸೊಸೆಗೋ ಎಂದು. ಕಾರ್ಡಿನಲ್ಲಿ ಯಜಮಾನಿ ಯಾರೋ ಅವರಿಗೆ ಎಂದು ಸರ್ಕಾರ ತೀರ್ಮಾನಿಸಿತು. ಕುಟುಂಬಕ್ಕೆ ಕೊಟ್ಟರೆ ಯಾರ ಕೈಗೆ ಎಂಬ ಪ್ರಶ್ನೆ ಏಳುತ್ತದೆ. ಮಧ್ಯಪ್ರದೇಶದ ಹಳ್ಳಿಗಳಲ್ಲಿ ಆ ಪ್ರಶ್ನೆ ಏಳಲಿಲ್ಲ; ಅತ್ತೆಗೂ ಬಂತು, ಸೊಸೆಗೂ ಬಂತು.

ಆದರೆ ದುಡ್ಡೆಲ್ಲಿದೆ? ಪ್ರತಿಯೊಬ್ಬರಿಗೂ ತಿಂಗಳಿಗೆ ಒಂದು ಸಾವಿರ ಎಂದುಕೊಳ್ಳಿ. 140 ಕೋಟಿ ಜನಕ್ಕೆ ವರ್ಷಕ್ಕೆ 16.8 ಲಕ್ಷ ಕೋಟಿ ರೂಪಾಯಿ. ಕೇಂದ್ರದ 2025–26ರ ಇಡೀ ಬಜೆಟ್ 50.65 ಲಕ್ಷ ಕೋಟಿ. ಮೂರರಲ್ಲಿ ಒಂದು ಪಾಲು ಇದಕ್ಕೇ. ಗೃಹಲಕ್ಷ್ಮಿಯೂ ಸೇರಿ ಕರ್ನಾಟಕದ ಐದು ಗ್ಯಾರಂಟಿಗಳಿಗೆ ಅದೇ ವರ್ಷ ಎತ್ತಿಟ್ಟಿದ್ದು 51,034 ಕೋಟಿ. ರಾಜ್ಯ ಬಜೆಟ್ಟಿನ ಎಂಟರಲ್ಲಿ ಒಂದು ಪಾಲು. ಅದೂ ಸುಮ್ಮನೆ ಹೊಂದಿಕೊಂಡದ್ದಲ್ಲ. ಪರಿಶಿಷ್ಟ ಜಾತಿ, ಪಂಗಡಗಳ ಅಭಿವೃದ್ಧಿಗೆಂದೇ ಮೀಸಲಿಟ್ಟ ನಿಧಿಯಿಂದ 2023–24ರಲ್ಲಿ 11,000 ಕೋಟಿಗೂ ಹೆಚ್ಚು ಹಣವನ್ನು ಗ್ಯಾರಂಟಿಗಳ ಲೆಕ್ಕಕ್ಕೆ ತೋರಿಸಲಾಯಿತು. ಆ ಸಮುದಾಯದ ಫಲಾನುಭವಿಗಳಿಗೇ ಹೋಗುತ್ತದೆ ಎಂಬುದು ಸರ್ಕಾರದ ಸಮರ್ಥನೆ. ಹಾಸ್ಟೆಲ್ಲಿಗೆ, ಕೊಳವೆಬಾವಿಗೆ, ಜಮೀನಿಗೆ ಆಗಬೇಕಿದ್ದ ಹಣ ತಿಂಗಳ ಖರ್ಚಿಗೆ ಹೋಯಿತು ಎಂಬುದು ದಲಿತ ಸಂಘಟನೆಗಳ ಸಿಟ್ಟು. ಆ ಸಿಟ್ಟಿನಲ್ಲಿ ಹುರುಳಿದೆ. ಒಬ್ಬ ಬಡವನ ಜೇಬಿನಿಂದ ತೆಗೆದು ಇನ್ನೊಬ್ಬ ಬಡವನ ಜೇಬಿಗೆ ಹಾಕುವುದನ್ನು ಹಂಚಿಕೆ ಎನ್ನಲಾಗದು.

*

"ಮುಂದಿನವ್ರು ಬರ್ರಮ್ಮ."

ಅತ್ತೆಯ ಸರದಿ. ಹೆಬ್ಬೆರಳು ಒಪ್ಪುವುದಿಲ್ಲ, ತೋರುಬೆರಳೂ ಇಲ್ಲ. ಮೂರನೆಯ ಬೆರಳಿಗೆ ಯಂತ್ರ ಸೈ ಎನ್ನುತ್ತದೆ. ನಾಲ್ಕು ಐನೂರರ ನೋಟು. ಅತ್ತೆ ಒಂದೊಂದನ್ನೂ ಬೆಳಕಿಗೆ ಹಿಡಿದು ನೋಡಿ, ನಾಲ್ಕು ಮಡಿಕೆ ಮಾಡಿ, ಸೊಂಟದ ಚೀಲಕ್ಕೆ ಸೇರಿಸುತ್ತಾರೆ. ಇಡೀ ಬೆಳಗಿನಲ್ಲಿ ಅವರ ಬೆನ್ನು ನೆಟ್ಟಗಾದದ್ದು ಆಗಲೇ.

ಮನೆಗೆ ನಡೆಯುವಾಗ ನೀವು ಕೇಳಿಯೇಬಿಡುತ್ತೀರಿ, ಕುತೂಹಲಕ್ಕೆ. "ಏನ್ ಮಾಡ್ತೀಯತ್ತೆ ಈ ದುಡ್ಡಲ್ಲಿ?"

ಅತ್ತೆ ನಿಂತು, ಮಂಡಿ ನೀವಿಕೊಂಡು, ನಿಮ್ಮ ಮುಖ ನೋಡುತ್ತಾರೆ. "ಟಿವಿಯೋರೂ ಬಂದಾಗ ಇದ್ನೇ ಕೇಳ್ತಾರೆ. ಪಂಚಾಯ್ತಿಯೋರೂ ಇದ್ನೇ ಕೇಳ್ತಾರೆ. ನಿನ್ ಸಂಬ್ಳದಲ್ಲಿ ನೀನ್ ಏನ್ ಮಾಡ್ದೆ ಅಂತ ನಾನ್ ಯಾವತ್ತಾದ್ರೂ ಕೇಳಿದೀನೇನಪ್ಪ?"

ಕೋಪವಿಲ್ಲ, ನಗುತ್ತಲೇ ಹೇಳಿದ್ದು. ಉತ್ತರ ಹೊಳೆಯದೆ ನೀವೂ ನಗುತ್ತೀರಿ.

ಮಧ್ಯಾಹ್ನ ಶಿರಾದಲ್ಲಿ ಬೆಂಗಳೂರಿನ ಬಸ್ಸು ಹತ್ತುತ್ತೀರಿ. ಕಂಡಕ್ಟರು ಪಕ್ಕದ ಸೀಟಿನ ಹೆಂಗಸಿಗೆ ಸೊನ್ನೆ ಟಿಕೆಟ್ಟು ಹರಿದು ಕೊಡುತ್ತಾನೆ, ನಿಮ್ಮಿಂದ ದುಡ್ಡು ಪಡೆಯುತ್ತಾನೆ. ಹಿಂದಿನ ಸೀಟಿನಲ್ಲಿ ಯಾರೋ ಗೊಣಗುತ್ತಾರೆ: "ಎಲ್ಲಾ ನಮ್ ಟ್ಯಾಕ್ಸ್ ದುಡ್ಡು." ತುಮಕೂರು ದಾಟುವಾಗ ನಿಮ್ಮ ಫೋನು ಸದ್ದು ಮಾಡುತ್ತದೆ. ಸಂಬಳ ಬಂದಿದೆ. ಏಪ್ರಿಲ್‌ನಿಂದ ಕೈಗೆ ಸಿಗುವುದು ಕೊಂಚ ಹೆಚ್ಚೇ ಇದೆ.

ಯಾಕೆ ಎಂಬುದು ನಿಮಗೆ ಗೊತ್ತು. 2025ರ ಫೆಬ್ರುವರಿ 1ರ ಬಜೆಟ್ಟಿನಲ್ಲಿ ಹಣಕಾಸು ಸಚಿವೆ ನಿರ್ಮಲಾ ಸೀತಾರಾಮನ್ 12 ಲಕ್ಷದವರೆಗಿನ ಆದಾಯಕ್ಕೆ ತೆರಿಗೆಯಿಲ್ಲ ಎಂದರು. 12 ಲಕ್ಷ ಆದಾಯದವರಿಗೆ ವರ್ಷಕ್ಕೆ 80,000 ರೂಪಾಯಿ ಉಳಿತಾಯ. ಸರ್ಕಾರ ಬಿಟ್ಟುಕೊಟ್ಟ ನೇರ ತೆರಿಗೆ ಸುಮಾರು ಒಂದು ಲಕ್ಷ ಕೋಟಿ. ಅದಕ್ಕೂ ಮೊದಲು, 2019ರ ಸೆಪ್ಟೆಂಬರಿನಲ್ಲಿ, ಕಂಪನಿಗಳ ತೆರಿಗೆ ಇಳಿಸಿದಾಗ ಬಿಟ್ಟದ್ದು ವರ್ಷಕ್ಕೆ 1.45 ಲಕ್ಷ ಕೋಟಿ ಎಂಬುದು ಸರ್ಕಾರದ್ದೇ ಅಂದಾಜು. ಅತ್ತೆಗೆ ಸಿಗುವುದು ವರ್ಷಕ್ಕೆ 24,000, ಕಂತು ತಪ್ಪದಿದ್ದರೆ.

ಆ 80,000 ನಾನು ದುಡಿದ ದುಡ್ಡು, ಸರ್ಕಾರ ಕೊಟ್ಟದ್ದಲ್ಲ, ತೆಗೆದುಕೊಳ್ಳದೆ ಬಿಟ್ಟದ್ದು ಎಂದು ನೀವು ಮನಸ್ಸಿನಲ್ಲೇ ವಾದ ಹೂಡುತ್ತೀರಿ. ಸರಿ. ಸವೆದುಹೋದ ಆ ಹೆಬ್ಬೆರಳೂ ದುಡಿದದ್ದೇ. ಅತ್ತೆ ಕೊಳ್ಳುವ ಸೋಪಿನ ಮೇಲೂ ಜಿಎಸ್‌ಟಿ ಇದೆ. ಬಡವರು ತೆರಿಗೆ ಕಟ್ಟುವುದಿಲ್ಲ ಎಂಬ ಮಾತು ಅಂಗಡಿ ಬಾಗಿಲಲ್ಲೇ ಸುಳ್ಳಾಗುತ್ತದೆ. ಬೊಕ್ಕಸದ ಮಟ್ಟಿಗೆ ಬಿಟ್ಟದ್ದೂ ಕೊಟ್ಟದ್ದೂ ಒಂದೇ ಕುಳಿ.

ಸಾರ್ವತ್ರಿಕ ಆದಾಯ ಈ ದೇಶದಲ್ಲಿ ನಾಳೆಯೇ ಬರುವುದಿಲ್ಲ. ಬಂದರೂ ಅದು ರೇಷನ್ನನ್ನು, ಆಸ್ಪತ್ರೆಯನ್ನು ನುಂಗಿ ಬರಬಾರದು. ಎಷ್ಟು ಕೊಡಬೇಕು, ಯಾರ ಮೇಲಿನ ತೆರಿಗೆಯಿಂದ ಕೊಡಬೇಕು, ಏನನ್ನು ಮುಟ್ಟಬಾರದು ಎಂಬುದರ ಬಗ್ಗೆ ಜಗಳವಾಡೋಣ, ಚೆನ್ನಾಗಿಯೇ ಆಡೋಣ. ಅದು ಲೆಕ್ಕದ ಜಗಳ, ಅಲ್ಲಿ ಗೌಡರ ಮಾತಿಗೂ ಜಾಗವಿದೆ. ಆದರೆ ಆ ಸಾಲಿನಲ್ಲಿ ನಿಂತವರ ನಡತೆಯ ವಿಚಾರಣೆ ನಿಲ್ಲಲಿ. ಇಲ್ಲವೇ ಎಲ್ಲರಿಗೂ ಒಂದೇ ನಿಯಮ ಇರಲಿ: ಮುಂದಿನ ಸಲ ಯಾರನ್ನಾದರೂ 'ಆ ದುಡ್ಡಲ್ಲಿ ಏನ್ ಮಾಡ್ದೆ' ಎಂದು ಕೇಳುವ ಮೊದಲು, ಉಳಿದ ನಿಮ್ಮ 80,000 ಎಲ್ಲಿ ಹೋಯಿತೆಂದು ಒಂದು ಚೀಟಿಯಲ್ಲಿ ಬರೆದು ಜೇಬಿನಲ್ಲಿಟ್ಟುಕೊಂಡು ಹೋಗಿ.